ಕಾಣೆ ಮರಿ ಎಂದು ತಂದೆ, ಈಗ ಗಪ್ಪಿಗಳೇ ಕಾಣೆ

ಗಜನಿಬದು:
ಕುಮಟಾದ ಹತ್ತಿರ, ಅಘನಾಶಿನಿ ಅಳಿವೆಯ ಒಳಗಿನ ಗಜನಿಯೊಂದರ (ಉಪ್ಪುನೀರು ನುಗ್ಗುವ ತಗ್ಗು ಗದ್ದೆ) ತೂಬಿಗೆ ಇಳಿತದ ಹೊತ್ತಿನಲ್ಲಿ ಬುಟ್ಟಿ ಒಡ್ಡಿದ್ದೆ. ಸಿಗಡಿಗಳ ಜೊತೆ ಒಂದು ಮೀನೂ ಬಂತು. ಒಂಬತ್ತು ಸೆಂಟಿಮೀಟರ್ ಉದ್ದ, ಒದ್ದೆ ಮರಳಿನ ಬಣ್ಣ. ಕಾಣೆ ಮೀನಿನ ಮರಿ ಇರಬೇಕೆಂದು ಮನೆಯ ಗಾಜಿನ ತೊಟ್ಟಿಗೆ ಬಿಟ್ಟೆ. ಅಲ್ಲಿ ಅಂಗಡಿಯಿಂದ ತಂದ ಆರು ಗಪ್ಪಿ ಮೀನುಗಳಿದ್ದವು. ಹತ್ತು ದಿನದಲ್ಲಿ ಒಂದೇ ಉಳಿದಿದೆ. ಒಂದೂ ಸತ್ತು ತೇಲಿದ್ದನ್ನು ಕಂಡಿಲ್ಲ. ಅಳಿವೆಯ ಮೀನಿಗೆ ಉಪ್ಪು ಬೇಕಲ್ಲವೇ ಎಂದು, ನೀರು ಆವಿಯಾಗಿ ಇಳಿದಾಗಲೆಲ್ಲ ಕಡಲ ನೀರನ್ನೇ ತಂದು ತುಂಬಿಸುತ್ತಿದ್ದೇನೆ. ಉಪ್ಪು ಹೆಚ್ಚಾಗಿ ಗಪ್ಪಿಗಳು ಸತ್ತವೇ? ಹಾಗಿದ್ದರೆ ಹೆಣ ಎಲ್ಲಿ? ಹೊಸ ಮೀನು ಅಂಗಡಿಯ ಕಾಳನ್ನು ಮೂಸಿಯೂ ನೋಡುತ್ತಿಲ್ಲ. ಫೋಟೋ ಹಾಕಿದ್ದೇನೆ.

ಕಡಲಕಾಗೆ:
ಇದು ಕೆಸರಿನ ಮೇಲೆ ಕುಪ್ಪಳಿಸುವ ಮಡ್‌ಸ್ಕಿಪ್ಪರ್. ನೀರಿನೊಳಗೇ ಇಟ್ಟರೆ ಬದುಕುವುದಿಲ್ಲ, ಕೆಸರಿನ ದಿಬ್ಬ ಮಾಡಿಕೊಡಿ.

ಕಾಂಡ್ಲಾನೆರಳು:
ಮಡ್‌ಸ್ಕಿಪ್ಪರ್ ಅಲ್ಲ. ಅದರ ಕಣ್ಣುಗಳು ತಲೆಯಿಂದ ಗೋಲಿಯಂತೆ ಮೇಲಕ್ಕೆದ್ದಿರುತ್ತವೆ. ಕಾಣೆಯೂ ಅಲ್ಲ. ಕಾಣೆಗೆ ಚೂಪು ಮೂತಿ, ಬೆಳ್ಳಿಯ ಹೊಳಪು, ಇಪ್ಪತ್ತಕ್ಕೂ ಹೆಚ್ಚು ಕಡ್ಡಿಗಳ ಉದ್ದನೆಯ ಎರಡನೇ ಬೆನ್ನುರೆಕ್ಕೆ. ನಿಮ್ಮ ಮೀನಿನ ಬಾಲ ನೋಡಿ, ಬೀಸಣಿಗೆಯಂತೆ ದುಂಡಗಿದೆ. ಒಂದು ಕೆಲಸ ಮಾಡಿ. ತೊಟ್ಟಿಯ ನೀರು ತುಂಬಿದ ಪಾರದರ್ಶಕ ಡಬ್ಬಿಗೆ ಮೀನನ್ನು ಇಳಿಸಿ, ಡಬ್ಬಿ ಎತ್ತಿ ಕೆಳಗಿನಿಂದ ಹೊಟ್ಟೆ ನೋಡಿ. ಕೈಯಲ್ಲಿ ಹಿಡಿಯಬೇಡಿ.

ಗಜನಿಬದು:
ನೋಡಿದೆ. ಹೊಟ್ಟೆಯಡಿಯ ಎರಡು ರೆಕ್ಕೆಗಳು ಕೂಡಿ ಪುಟ್ಟ ಬೋಗುಣಿಯಂತಾಗಿವೆ. ಬೆನ್ನಿನ ಮೇಲೆ ಎರಡು ಬಿಡಿ ರೆಕ್ಕೆಗಳು: ಮುಂದಿನದರಲ್ಲಿ 6 ಮುಳ್ಳು, ಹಿಂದಿನದರಲ್ಲಿ ಒಂದು ಮುಳ್ಳು, 9 ಕಡ್ಡಿ. ತಲೆ ಮೇಲಿನಿಂದ ತಟ್ಟಿ ಚಪ್ಪಟೆ ಮಾಡಿದಂತಿದೆ, ಕೆಳದವಡೆ ಮುಂದಕ್ಕೆ ಚಾಚಿದೆ. ಬದಿಯಲ್ಲಿ ಸಾಲಾಗಿ ಐದು ಕಪ್ಪು ಮಚ್ಚೆಗಳು.

ಕಾಂಡ್ಲಾನೆರಳು:
ಆ ಬೋಗುಣಿಯೇ ಗುರುತು, ಇದು ಗೋಬಿ. (ಮಂಚೂರಿಗೂ ಇದಕ್ಕೂ ಸಂಬಂಧವಿಲ್ಲ.) ಅಳಿವೆಯಲ್ಲಿ ಇದನ್ನೇ ಹೋಲುವ ಸ್ಲೀಪರ್ ಮೀನುಗಳಿವೆ, ಆದರೆ ಅವುಗಳ ಹೊಟ್ಟೆಯ ರೆಕ್ಕೆಗಳು ಬೇರೆಬೇರೆಯಾಗಿಯೇ ಇರುತ್ತವೆ. ಚಾಚಿದ ಕೆಳದವಡೆ, ಚಪ್ಪಟೆ ತಲೆ, ಮಚ್ಚೆಗಳ ಸಾಲು, ನೀವು ಎಣಿಸಿದ ಕಡ್ಡಿಗಳು ಎಲ್ಲವೂ ಗ್ಲಾಸೊಗೋಬಿಯಸ್ ಗಿಯುರಿಸ್‌ಗೆ ಹೊಂದುತ್ತವೆ. ಬಾಯಿ ತೆರೆದಾಗ ನಾಲಗೆಯ ತುದಿ ಸೀಳಿದಂತೆ ಕಂಡರೆ ಅನುಮಾನ ಇನ್ನಷ್ಟು ಕಡಿಮೆಯಾಗುತ್ತದೆ. ಹೆಸರಿನ ‘ಗ್ಲಾಸೊ’ ಎಂದರೂ ನಾಲಗೆಯೇ. ಇದಕ್ಕೆ ‘ಗಿಯುರಿಸ್’ ಎಂದು ಹೆಸರಿಟ್ಟವನು ಫ್ರಾನ್ಸಿಸ್ ಬುಕಾನನ್ ಹ್ಯಾಮಿಲ್ಟನ್, 1822ರಲ್ಲಿ, ಗಂಗೆಯ ಮೀನುಗಳನ್ನು ವಿವರಿಸುವಾಗ. 1800-01ರಲ್ಲಿ ಮೈಸೂರು, ಕೆನರಾ ಸೀಮೆಗಳನ್ನು ಸುತ್ತಿ ನಮ್ಮ ಹೊಲ, ಬೆಳೆ, ಜಾತಿಗಳನ್ನೆಲ್ಲ ಬರೆದುಕೊಂಡು ಹೋದ ಬುಕಾನನ್ ಇವನೇ.

ಈಗ ಉಪ್ಪಿನ ವಿಷಯ. ಪೂರ್ವ ಆಫ್ರಿಕಾದಿಂದ ಉತ್ತರ ಆಸ್ಟ್ರೇಲಿಯಾದವರೆಗೆ ಹರಡಿರುವ ಈ ಮೀನು ಅಳಿವೆಯಲ್ಲಷ್ಟೇ ಅಲ್ಲ, ಒಳನಾಡಿನ ಹೊಳೆ, ಕೆರೆಗಳ ಸಿಹಿನೀರಿನಲ್ಲೂ ಇದೆ. ಇಂಗ್ಲಿಷರು ‘ಟ್ಯಾಂಕ್ ಗೋಬಿ’ ಎಂದದ್ದು ನಮ್ಮ ಕೆರೆಯನ್ನು ನೋಡಿ, ಗಾಜಿನ ತೊಟ್ಟಿಯನ್ನಲ್ಲ. ಅಘನಾಶಿನಿಗೆ ದೊಡ್ಡ ಅಣೆಕಟ್ಟಿಲ್ಲ. ಮಳೆಗಾಲದಲ್ಲಿ ಅಳಿವೆಯ ನೀರು ಸಪ್ಪೆಯಾಗುತ್ತದೆ, ಬೇಸಗೆಯಲ್ಲಿ ಮತ್ತೆ ಉಪ್ಪೇರುತ್ತದೆ. ಎರಡನ್ನೂ ತಾಳುವ ಮೀನಿಗೆ ನೀವು ದಿನವೂ ಕಡಲು ಹೊರಬೇಕಿಲ್ಲ. ಆವಿಯಾಗುವುದು ನೀರು ಮಾತ್ರ, ಉಪ್ಪು ತೊಟ್ಟಿಯಲ್ಲೇ ಉಳಿಯುತ್ತದೆ. ಅದರ ಮೇಲೆ ಕಡಲ ನೀರು ಸುರಿದರೆ ಉಪ್ಪು ಏರುತ್ತಲೇ ಹೋಗುತ್ತದೆ. ಇಳಿದಷ್ಟಕ್ಕೆ ಬಾವಿಯ ನೀರು ಹಾಕಿ. ಈಗಾಗಲೇ ಏರಿರುವ ಉಪ್ಪನ್ನು ಒಂದೇ ದಿನ ಇಳಿಸಬೇಡಿ, ದಿನಕ್ಕೆ ಸ್ವಲ್ಪ ಸ್ವಲ್ಪ ನೀರು ಬದಲಿಸಿ.

ಗಪ್ಪಿಗಳನ್ನು ಕೊಂದದ್ದು ಮಾತ್ರ ಉಪ್ಪಲ್ಲ ಎಂದು ನನ್ನ ಅಂದಾಜು. ನಿಧಾನವಾಗಿ ಏರುವ ಉಪ್ಪಿಗೆ ಅವು ಒಗ್ಗಿಕೊಳ್ಳುತ್ತವೆ, ಸತ್ತರೂ ಹೆಣ ಸಿಗಬೇಕಿತ್ತು. ರಾತ್ರಿ ದೀಪ ಆರಿಸಿ ಒಂದು ಗಂಟೆ ಬಿಟ್ಟು ಟಾರ್ಚ್ ಹಾಕಿ ನೋಡಿ.

ಗಜನಿಬದು:
ನೋಡಿದೆ, ನೋಡಬಾರದಿತ್ತು. ಮರಳಿನಲ್ಲಿ ಕಣ್ಣು ಮಾತ್ರ ಹೊರಗಿಟ್ಟು ಕುಳಿತಿತ್ತು. ಬಾಯಿಯ ಅಂಚಿನಲ್ಲಿ ಕಿತ್ತಳೆ ಬಣ್ಣದ ಬಾಲವೊಂದು ಅಲುಗುತ್ತಿತ್ತು. ನಾನು ನೋಡುತ್ತಿದ್ದಂತೆಯೇ ಅದೂ ಒಳಗೆ ಹೋಯಿತು.

ಕಾಂಡ್ಲಾನೆರಳು:
ಅದು ಮೀನು, ಸಿಗಡಿ, ಹುಳು ತಿನ್ನುವ ಜಾತಿ, ಸ್ವಂತ ಕುಲದ ಮರಿಗಳನ್ನೂ ಬಿಡುವುದಿಲ್ಲ. ಬೇಟೆ ಅಲುಗಿದರೆ ಮಾತ್ರ ಅದಕ್ಕೆ ಆಹಾರ, ನಿಮ್ಮ ಕಾಳು ಬಿದ್ದಲ್ಲೇ ಬಿದ್ದಿರುತ್ತದೆ. ಸಿಗಡಿಯ ಚೂರನ್ನು ತೆಂಗಿನ ಕಡ್ಡಿಯ ತುದಿಗೆ ಸಿಕ್ಕಿಸಿ ಮುಖದ ಮುಂದೆ ಅಲ್ಲಾಡಿಸಿ. ತೊಟ್ಟಿಗೆ ಮುಚ್ಚಳ ಇರಲಿ. ಇನ್ನೊಂದು ಮಾತು: ಸಾಕಾಯಿತೆಂದು ತೂಬಿನ ಬಾಯಿಗೆ ಮರಳಿ ಬಿಡಬೇಡಿ. ಅಂಗಡಿಯ ಗಪ್ಪಿಗಳ ರೋಗ ಅದರೊಂದಿಗೆ ಅಳಿವೆಗೂ ಇಳಿಯಬಹುದು.

ಕಡಲಕಾಗೆ:
ಮಡ್‌ಸ್ಕಿಪ್ಪರ್ ಎಂದದ್ದು ನನ್ನ ತಪ್ಪು. ಕೆಸರಿನ ದಿಬ್ಬ ಕಟ್ಟಿದ್ದರೆ ತೆಗೆದುಬಿಡಿ.

ಗಜನಿಬದು:
ಕಟ್ಟಿರಲಿಲ್ಲ. ಮೂರನೇ ದಿನಕ್ಕೆ ಕಡ್ಡಿಯಿಂದ ಸಿಗಡಿ ಕಿತ್ತುಕೊಂಡು ತಿಂದಿತು. ಇವತ್ತು ಫಿಲ್ಟರ್ ತೊಳೆಯಲು ತೆಗೆದರೆ ಅದರ ಹಿಂದಿನ ಸಂದಿಯಲ್ಲಿ ಕಾಣೆಯಾದ ಗಪ್ಪಿಯೊಂದು ಜೀವಂತ ಇತ್ತು. ಬಾಲ ಅರ್ಧ ಇಲ್ಲ. ಈಗ ಅದು ಅಡುಗೆಮನೆಯ ಬಕೆಟ್ಟಿನಲ್ಲಿದೆ.