ಗಂಟೆ ಲೆಕ್ಕದಲ್ಲಿ ವೇತನ ಸಹಿತ ರಜೆಯ ಜಮೆ: ಯಾವ ಸಂಖ್ಯೆಯಿಂದ ಭಾಗಿಸಬೇಕು?

ಪ್ರಶ್ನೆ

ನಮ್ಮ ಸಂಸ್ಥೆಯಲ್ಲಿ ಪೂರ್ಣಾವಧಿ ನೌಕರರಿಗೆ ವರ್ಷಕ್ಕೆ 15 ದಿನ, ಅಂದರೆ ದಿನಕ್ಕೆ 8 ಗಂಟೆಯಂತೆ 120 ಗಂಟೆಗಳ ವೇತನ ಸಹಿತ ರಜೆ ಇದೆ. ಇದುವರೆಗೆ ವರ್ಷದ ಮೊದಲ ದಿನವೇ ಅಷ್ಟನ್ನೂ ಖಾತೆಗೆ ಸೇರಿಸುತ್ತಿದ್ದೆವು. ಇನ್ನು ಮುಂದೆ ದುಡಿದಂತೆಲ್ಲ ಜಮೆಯಾಗುವ ಪದ್ಧತಿಗೆ ಬದಲಾಗಬೇಕಿದೆ. ವೇತನ ಎರಡು ವಾರಕ್ಕೊಮ್ಮೆ ಪಾವತಿಯಾಗುತ್ತದೆ. ಪ್ರತಿ ಪಾವತಿಗೆ 5 ಗಂಟೆ ಎಂದು ಒಬ್ಬ ಸಹೋದ್ಯೋಗಿ, 4.62 ಗಂಟೆ ಎಂದು ಇನ್ನೊಬ್ಬರು ಹೇಳುತ್ತಾರೆ. ಅರೆಕಾಲಿಕ ನೌಕರರಿಗೆ ಗಂಟೆಗೆ 0.0577 ಎಂಬ ದರವನ್ನೂ 0.0612 ಎಂಬ ದರವನ್ನೂ ಕೇಳಿದ್ದೇನೆ. ಇವುಗಳಲ್ಲಿ ಯಾವುದು ಸರಿ ಎಂದು ತಿಳಿದವರು ದಯವಿಟ್ಟು ವಿವರಿಸಬೇಕು.

ಉತ್ತರ 1

ತಿಂಗಳಿಗೆ ಎರಡು ಸಲ ವೇತನ ಕೊಡುವಲ್ಲಿ ವರ್ಷಕ್ಕೆ 24 ಪಾವತಿಗಳು, ಎರಡು ವಾರಕ್ಕೊಮ್ಮೆ ಕೊಡುವಲ್ಲಿ 26. ನಿಮ್ಮದು ಎರಡನೆಯ ಬಗೆಯಾದ್ದರಿಂದ 120ನ್ನು 26ರಿಂದ ಭಾಗಿಸಬೇಕು. 5 ಗಂಟೆಯಂತೆ ಜಮೆ ಮಾಡಿದರೆ ವರ್ಷಾಂತ್ಯಕ್ಕೆ 130 ಗಂಟೆಯಾಗುತ್ತದೆ. ಆದರೆ 26 ಪಾವತಿಗಳಿಗೆ 364 ದಿನಗಳಷ್ಟೇ ಸಲ್ಲುವುದರಿಂದ, ಕೆಲವು ವರ್ಷಗಳಲ್ಲಿ 27ನೆಯ ಪಾವತಿಯೂ ಬರುತ್ತದೆ. ಆ ವರ್ಷ ಏನು ಮಾಡುವಿರಿ ಎಂಬುದನ್ನು ನಿಯಮದಲ್ಲಿ ಈಗಲೇ ಬರೆದಿಡಿ.

ಉತ್ತರ 2

ಗಂಟೆ ದರದ ವಿಷಯದಲ್ಲಿ ಎರಡೂ ಸಂಖ್ಯೆಗಳು ಸರಿಯೇ, ಆದರೆ ಅವು ಬೇರೆ ಬೇರೆ ಪ್ರಶ್ನೆಗಳಿಗೆ ಉತ್ತರ. ವಾರಕ್ಕೆ 40 ಗಂಟೆಯಂತೆ 52 ವಾರಕ್ಕೆ 2080 ಗಂಟೆ. 120ನ್ನು ಅದರಿಂದ ಭಾಗಿಸಿದರೆ 0.0577 ಸಿಗುತ್ತದೆ. ವೇತನ ಪಡೆದ ಎಲ್ಲ ಗಂಟೆಗಳಿಗೂ, ಅಂದರೆ ರಜೆಯಲ್ಲಿದ್ದ ಗಂಟೆಗಳಿಗೂ, ಜಮೆ ಕೊಡುವುದಾದರೆ ಇದೇ ದರ. ನಿಜವಾಗಿ ಕೆಲಸ ಮಾಡಿದ ಗಂಟೆಗಳಿಗೆ ಮಾತ್ರ ಕೊಡುವುದಾದರೆ, 2080ರಲ್ಲಿ ರಜೆಯ 120ನ್ನು ಕಳೆದು ಉಳಿದ 1960ರಿಂದ ಭಾಗಿಸಬೇಕು, ಆಗ 0.0612 ಬರುತ್ತದೆ. ಕೆಲಸದ ಗಂಟೆಗಳನ್ನಷ್ಟೇ ಎಣಿಸಿ 0.0577ರ ದರವನ್ನು ಹಚ್ಚಿದರೆ, ಪೂರ್ತಿ ರಜೆ ಬಳಸಿದ ನೌಕರನಿಗೆ ಸುಮಾರು 113 ಗಂಟೆಗಳಷ್ಟೇ ದಕ್ಕುತ್ತವೆ. ಹೆಚ್ಚುಕಡಿಮೆ ಒಂದು ದಿನದ ರಜೆ ಯಾರ ಗಮನಕ್ಕೂ ಬಾರದೆ ಕರಗಿಹೋಗುತ್ತದೆ.

ನನ್ನ ಒಲವು ಮೊದಲನೆಯ ದರದ ಕಡೆಗೆ, ಏಕೆಂದರೆ ಅದನ್ನು ನೌಕರರಿಗೆ ವಿವರಿಸುವುದು ಸುಲಭ. ವಾರಕ್ಕೆ 20 ಗಂಟೆ ದುಡಿಯುವವರಿಗೆ 1040 ಗಂಟೆಗೆ 60 ಗಂಟೆ, ಅಂದರೆ ಅವರ 4 ಗಂಟೆಯ ದಿನದ ಲೆಕ್ಕದಲ್ಲಿ ಅದೇ 15 ದಿನ ಸಿಗುತ್ತದೆ. ಹೆಚ್ಚುವರಿ ಅವಧಿಯ ದುಡಿಮೆಗೂ ಜಮೆ ಇದೆಯೇ ಎಂಬುದನ್ನು ಮಾತ್ರ ಸ್ಪಷ್ಟಪಡಿಸಿ, ಇಲ್ಲದಿದ್ದರೆ 120ರ ಮಿತಿ ಮೀರುತ್ತದೆ.

ಪ್ರಶ್ನೆ ಕೇಳಿದವರು

ಇಬ್ಬರಿಗೂ ಧನ್ಯವಾದಗಳು. ದಶಮಾಂಶವನ್ನು ಎಲ್ಲಿಗೆ ನಿಲ್ಲಿಸಬೇಕು? ಅನಾರೋಗ್ಯದಿಂದ ದೀರ್ಘಕಾಲ ಗೈರಾದವರ ಜಮೆಯನ್ನು ನಿಲ್ಲಿಸಬಹುದೇ?

ಉತ್ತರ 3

ಪ್ರತಿ ಪಾವತಿಯ ಜಮೆಯನ್ನು ಪ್ರತ್ಯೇಕವಾಗಿ ದುಂಡಾಗಿಸಬೇಡಿ. 4.6 ಎಂದು ಹಿಡಿದರೆ ವರ್ಷಕ್ಕೆ 119.6, 4.62 ಎಂದು ಹಿಡಿದರೆ 120.12 ಆಗುತ್ತದೆ. ಅದರ ಬದಲು ಆ ಪಾವತಿಯವರೆಗಿನ ಒಟ್ಟು ಜಮೆಯನ್ನು ಲೆಕ್ಕ ಹಾಕಿ ದುಂಡಾಗಿಸಿ, ಹಿಂದಿನ ಪಾವತಿಯವರೆಗಿನ ಒಟ್ಟನ್ನು ಅದರಿಂದ ಕಳೆದರೆ ವ್ಯತ್ಯಾಸ ಬೆಳೆಯುವುದೇ ಇಲ್ಲ. ಖಾತೆಯಲ್ಲಿ ಕೂಡಿಟ್ಟುಕೊಳ್ಳಬಹುದಾದ ಒಟ್ಟು ರಜೆಗೆ ಗರಿಷ್ಠ ಮಿತಿ ಇದ್ದಲ್ಲಿ, ಉದಾಹರಣೆಗೆ ಮಿತಿ 180 ಗಂಟೆ ಆಗಿದ್ದು ಖಾತೆಯಲ್ಲಿ ಈಗಾಗಲೇ 178 ಇದ್ದರೆ, 2 ಗಂಟೆ ಮಾತ್ರ ಸೇರಬೇಕು. ನೌಕರ ರಜೆ ಪಡೆದ ಬಳಿಕ ಜಮೆ ಮತ್ತೆ ಆರಂಭವಾಗುತ್ತದೆಯೇ ಹೊರತು, ತಪ್ಪಿಹೋದದ್ದು ಹಿಂದಿರುಗುವುದಿಲ್ಲ.

ಗೈರಿನ ವಿಷಯವನ್ನು ಗಣಿತ ತೀರ್ಮಾನಿಸಲಾರದು. ಅಂತಾರಾಷ್ಟ್ರೀಯ ಕಾರ್ಮಿಕ ಸಂಘಟನೆಯ 1970ರ 132ನೆಯ ಒಡಂಬಡಿಕೆಯು ಕಾಯಿಲೆ, ಗಾಯ, ಹೆರಿಗೆಯಂಥ ನೌಕರರ ಹಿಡಿತಕ್ಕೆ ಮೀರಿದ ಕಾರಣಗಳ ಗೈರನ್ನು ಸೇವಾವಧಿಯಲ್ಲೇ ಎಣಿಸಬೇಕೆನ್ನುತ್ತದೆ, ಆದರೆ ಅದು ಅನುಮೋದಿಸಿದ ದೇಶಗಳಿಗಷ್ಟೇ ಅನ್ವಯಿಸುತ್ತದೆ. ಆದ್ದರಿಂದ ಸೂತ್ರವನ್ನು ಪೇರೋಲ್ ತಂತ್ರಾಂಶಕ್ಕೆ ಹಾಕುವ ಮೊದಲು ನಿಮ್ಮಲ್ಲಿನ ಕಾನೂನನ್ನು ನೋಡಿ, ಯಾವ ಯಾವ ಗೈರಿಗೆ ಜಮೆ ಮುಂದುವರಿಯುತ್ತದೆ ಎಂಬುದನ್ನು ಹೆಸರಿಸಿ ಬರೆಯಿರಿ.