ಕಲ್ಪನೆಯ ಲೋಕಕ್ಕೊಂದು ಪಂಚಾಂಗ: ಮಾಡಿ ನೋಡಿದವರು ಹೇಳಿ

ಕೇಳಿದವರು, ಮೈಸೂರು ಕುವೆಂಪುನಗರ:
ಒಂದು ಕಾದಂಬರಿ ಬರೆಯುತ್ತಿದ್ದೇನೆ. ಪೂರ್ತಿ ಕಲ್ಪನೆಯ ಲೋಕ, ಆಕಾಶದಲ್ಲಿ ಎರಡು ಚಂದ್ರ. ವರ್ಷಕ್ಕೆ 400 ದಿನ, 40 ದಿನದ ಹತ್ತು ತಿಂಗಳು. ಎಲ್ಲ ಎಕ್ಸೆಲ್‌ನಲ್ಲಿ ಹಾಕಿಟ್ಟಿದ್ದೇನೆ, ಲೆಕ್ಕ ಚೊಕ್ಕವಾಗಿದೆ. ಕಥೆಯೊಳಗೆ ತಂದರೆ ಮಾತ್ರ ಜೀವವೇ ಇಲ್ಲ. ಓದಿದ ಗೆಳತಿ "ಇದು ಪಂಚಾಂಗ ಅಲ್ಲ ಕಣೇ, ಸ್ಕೂಲ್ ಟೈಂಟೇಬಲ್" ಅಂದಳು. ನೀವೆಲ್ಲ ಹೇಗೆ ಮಾಡಿದಿರಿ?

ಮದ್ದೂರು ಕಡೆಯವರು:
ನಾನೂ ಇದೇ ಹಳ್ಳಕ್ಕೆ ಬಿದ್ದಿದ್ದೆ ಮೇಡಂ. ತಿಂಗಳಿಗೆ ಚೆಂದದ ಹೆಸರು ಹುಡುಕೋದರಲ್ಲೇ ಎರಡು ವಾರ ಹೋಯಿತು. ಆಮೇಲೆ ನಮ್ಮ ತಾತ ನೆನಪಾದರು. ಅವರು ತಾರೀಖು ಹೇಳಿದ್ದನ್ನು ನಾನು ಕೇಳಿಯೇ ಇಲ್ಲ. ಎಲ್ಲಾ ಮಳೆ ಲೆಕ್ಕ. ಭರಣಿ, ಕೃತ್ತಿಕೆ, ರೋಹಿಣಿ, ಮೃಗಶಿರ, ಆರಿದ್ರ. ಸೂರ್ಯ 27 ನಕ್ಷತ್ರ ದಾಟುತ್ತಾನೆ, ಒಂದೊಂದರಲ್ಲಿ 13–14 ದಿನ ಇರುತ್ತಾನೆ. ಅಷ್ಟು ದಿನಕ್ಕೆ ಆ ಮಳೆಯ ಹೆಸರು. ಭರಣಿ ಏಪ್ರಿಲ್ ಕೊನೆಗೆ ಬರುತ್ತದೆ. "ಭರಣಿ ಮಳೆ ಬಿದ್ದರೆ ಧರಣಿಯೆಲ್ಲ ಬೆಳೆ" ಅನ್ನುತ್ತಾ ನೇಗಿಲು ತೆಗೆಯೋರು.

ನಾಲೆ ಬಯಲಿನವರಿಗೆ ಇದರ ಜೊತೆ ಇನ್ನೊಂದು ಲೆಕ್ಕ ಇದೆ. ಕನ್ನಂಬಾಡಿ ಕಟ್ಟೆ 124.80 ಅಡಿ ತುಂಬಿತಾ, ನಾಲೆಗೆ ನೀರು ಯಾವಾಗ ಬಿಡ್ತಾರೆ, ಅದು. "ನೀರು ಬಿಟ್ಟ ಮೇಲೆ ಮದುವೆ ಮಾತು" ಅಂದರೆ ನಮ್ಮೂರಲ್ಲಿ ಎಲ್ಲರಿಗೂ ಅರ್ಥವಾಗುತ್ತದೆ.

ಅದಕ್ಕೇ ನಾನು ತಿಂಗಳನ್ನೇ ಕಿತ್ತುಹಾಕಿದೆ. ನನ್ನ ಕಥೆ ಮರಳುಗಾಡಿನದು. ಅಲ್ಲಿ ವರ್ಷ ಅಂದರೆ ಒಂಬತ್ತು ಗಾಳಿ. ಒಂದು ಗಾಳಿ 20 ದಿನ, ಇನ್ನೊಂದು 70. ಸಮ ಮಾಡಲು ಹೋಗಲೇ ಇಲ್ಲ. ವಾರದ ಬದಲು ಸಂತೆ. "ಎರಡು ಸಂತೆ ಆಯ್ತು, ಅವನು ಬರಲೇ ಇಲ್ಲ" ಅಂತ ಬರೆದ ದಿನ ನನಗೇ ಸಮಾಧಾನ ಆಯಿತು.

ಮೈಸೂರು ಒಂಟಿಕೊಪ್ಪಲಿನವರು:
ನಮ್ಮ ಬಡಾವಣೆ ಹೆಸರಲ್ಲೇ ಪಂಚಾಂಗ ಇದೆ, ಸುಮ್ನೆ ಇರೋದು ಹೇಗೆ! ನಿಮ್ಮ 400 ದಿನ ಶೇಷ ಉಳಿಯದೆ ಭಾಗ ಆಗುತ್ತದಲ್ಲ, ರೋಗ ಅಲ್ಲೇ ಇದೆ. ನಮ್ಮಲ್ಲಿ 12 ಚಾಂದ್ರಮಾಸ ಸೇರಿದರೆ ಸುಮಾರು 354 ದಿನ. ಸೂರ್ಯನ ವರ್ಷಕ್ಕೆ ಹನ್ನೊಂದು ದಿನ ಸಾಲದು. ಆ ಸಾಲ ತೀರಿಸಲು ಹೆಚ್ಚುಕಮ್ಮಿ 32–33 ತಿಂಗಳಿಗೊಂದು ಅಧಿಕ ಮಾಸ. 2023ರಲ್ಲಿ ಅಧಿಕ ಶ್ರಾವಣ, 2026ರಲ್ಲಿ ಅಧಿಕ ಜ್ಯೇಷ್ಠ. ಆ ತಿಂಗಳು ಮದುವೆ ಇಲ್ಲ, ಗೃಹಪ್ರವೇಶ ಇಲ್ಲ. ಅಳಿಯನಿಗೆ ಮಾತ್ರ 33 ಕಜ್ಜಾಯ. ಲೆಕ್ಕ ಕೂಡದ ಕಡೆ ಒಂದು ಇಡೀ ಆಚಾರ ಹುಟ್ಟಿಕೊಂಡಿದೆ, ನೋಡಿ.

ಚಂದ್ರರನ್ನೂ ಸ್ವಲ್ಪ ಕೆಡಿಸಿ. ಹುಣ್ಣಿಮೆಯಿಂದ ಹುಣ್ಣಿಮೆಗೆ ಒಂದಕ್ಕೆ 20 ದಿನ, ಇನ್ನೊಂದಕ್ಕೆ 30 ದಿನ ಅಂತ ಇಟ್ಟರೆ 60 ದಿನಕ್ಕೊಮ್ಮೆ ಜೋಡಿ ಹುಣ್ಣಿಮೆ, ಯಾರೂ ತಲೆ ಎತ್ತಿ ನೋಡಲ್ಲ. 29 ಮತ್ತು 31 ಇಡಿ. ಆಗ 899 ದಿನಕ್ಕೊಮ್ಮೆ, ಅಂದರೆ ನಿಮ್ಮ ಎರಡು ವರ್ಷ 99 ದಿನ. ಪ್ರತಿ ಸಲ ಬೇರೆ ಋತು. ನಾಲ್ಕು ಸುತ್ತು ಮುಗಿದಾಗ ಒಂಬತ್ತು ವರ್ಷಕ್ಕೆ ನಾಲ್ಕೇ ದಿನ ಕಮ್ಮಿ. ಹಬ್ಬ ಹುಣ್ಣಿಮೆಯ ದಿನವೋ, ಹಳೇ ತಾರೀಖಿಗೋ? ಪೂಜಾರಿಗಳು ಒಂದು ಕಡೆ, ಉಳೋರು ಒಂದು ಕಡೆ. ಜಗಳ ಪುಕ್ಕಟೆ ಸಿಕ್ಕಿತು.

ಕೇಳಿದವರು:
ಅಯ್ಯೋ, ನಾಯಕಿಗೆ 16 ವರ್ಷ ಅಂತ ಬರೆದುಬಿಟ್ಟಿದ್ದೇನೆ.

ಒಂಟಿಕೊಪ್ಪಲಿನವರು:
6400 ದಿನ ಆಯಿತು. ನಮ್ಮ ಲೆಕ್ಕದಲ್ಲಿ ಹದಿನೇಳೂವರೆ. ನಡೆಯುತ್ತೆ ಬಿಡಿ.

ಶ್ರೀರಂಗಪಟ್ಟಣದವರು:
ಹೊಸ ಪಂಚಾಂಗವನ್ನು ನಿಜವಾಗಿ ಮಾಡಿದವರು ನಮ್ಮೂರಲ್ಲೇ ಇದ್ದರು. ಟಿಪ್ಪು ಸುಲ್ತಾನ್. ಪ್ರವಾದಿಯವರ ಹುಟ್ಟಿನಿಂದ ಎಣಿಸೋ ಮೌಲೂದಿ ಶಕ. ತಿಂಗಳಿಗೆಲ್ಲ ಅದಕ್ಕೂ ಮೊದಲೇ ಹೊಸ ಹೆಸರು ಇಟ್ಟಿದ್ದರು. ಮೊದಲನೆಯದು ಅಹ್ಮದಿ, ಎರಡನೆಯದು ಬಹಾರಿ, ಎಂಟನೆಯದು ಹೈದರಿ. ಇದರಲ್ಲಿ ಒಂದು ಜಾಣತನ ಇದೆ. ಅಬ್ಜದ್ ಅನ್ನೋ ಅರಬ್ಬಿ ಲೆಕ್ಕದಲ್ಲಿ ಒಂದೊಂದು ಅಕ್ಷರಕ್ಕೂ ಒಂದು ಬೆಲೆ. ಅಲಿಫ್ ಅಂದರೆ 1, ಬೇ ಅಂದರೆ 2. ಹೆಸರಿನ ಶುರು ನೋಡಿದರೆ ಎಷ್ಟನೇ ತಿಂಗಳು ಅಂತ ಗೊತ್ತಾಗುತ್ತದೆ. ನಾಣ್ಯದ ಮೇಲೆ ಈ ಶಕದ ಇಸವಿಯನ್ನು ಬಲದಿಂದ ಎಡಕ್ಕೆ ಓದಬೇಕು. ಆದರೆ ಒಳಗಿನ ಕಟ್ಟು ನಮ್ಮ ಚಾಂದ್ರಮಾನದ್ದೇ. ಹನ್ನೆರಡು ತಿಂಗಳು, ಅಧಿಕ ಮಾಸ, 60 ಸಂವತ್ಸರದ ಚಕ್ರ ಎಲ್ಲಾ ಹಾಗೇ. 1799ರಲ್ಲಿ ಅವರು ಹೋದರು, ಪಂಚಾಂಗವೂ ಹೋಯಿತು. ಸಂವತ್ಸರದ ಹಳೇ ಹೆಸರುಗಳು ಇವತ್ತಿಗೂ ಇವೆ.

ನನ್ನ ಕಥೆಯಲ್ಲಿ ಇದನ್ನೇ ಬಳಸಿಕೊಂಡೆ. ಅರಮನೆಯ ಕಾಗದದಲ್ಲಿ ರಾಜ ಇಟ್ಟ ತಿಂಗಳು, ಸಂತೆಯಲ್ಲಿ ಹಳೇ ತಿಂಗಳು. ಒಬ್ಬ ಗುಮಾಸ್ತ ಎರಡನ್ನೂ ಬೆರೆಸಿ ಬರೆಯುತ್ತಾನೆ, ಒಂದು ಊರಿನವರು ಕಂದಾಯ ಎರಡು ಸಲ ಕಟ್ಟುತ್ತಾರೆ. ಪೂರ್ತಿ ಪಂಚಾಂಗವನ್ನು ಪುಸ್ತಕದ ಕೊನೆಯಲ್ಲಿ ಕೋಷ್ಟಕ ಮಾಡಿ ಹಾಕಿದ್ದೆ. ಒಬ್ಬರೂ ಓದಲಿಲ್ಲ. ಗುಮಾಸ್ತ ಮಾತ್ರ ಎಲ್ಲರಿಗೂ ನೆನಪಿದ್ದಾನೆ.

ಮೈಸೂರು, ಚಾಮುಂಡಿಪುರಂನವರು:
ಹಬ್ಬಕ್ಕಿಂತ ನಿಷೇಧ ಜಾಸ್ತಿ ಕೆಲಸ ಮಾಡುತ್ತೆ ಅಂತ ನನ್ನ ಅನುಭವ. ನಮ್ಮ ಆಷಾಢವನ್ನೇ ನೋಡಿ. ಹೊಸ ಸೊಸೆ ತವರಿಗೆ. ಅತ್ತೆ ಸೊಸೆ ಒಂದೇ ಹೊಸ್ತಿಲು ದಾಟೋ ಹಾಗಿಲ್ಲ. ಅದೇ ತಿಂಗಳ ಶುಕ್ರವಾರ ಚಾಮುಂಡಿ ಬೆಟ್ಟದಲ್ಲಿ ಕಾಲಿಡಲು ಜಾಗ ಇರಲ್ಲ. ಯಾವ ತಿಂಗಳು ಏನು ಮಾಡಬಾರದು ಅಂತ ಒಂದು ಸಾಲು ಬರೆಯಿರಿ, ಸಾಕು.

ಕೇಳಿದವರು:
29, 31 ಹಾಕಿದೆ. ಎಕ್ಸೆಲ್ ಪೂರ್ತಿ ಕಲಸಿಹೋಯಿತು! ಮೊದಲ ಜೋಡಿ ಹುಣ್ಣಿಮೆ ಸರಿಯಾಗಿ ನಾಯಕಿಯ ಅಕ್ಕನ ಮದುವೆ ದಿನ ಬಿದ್ದಿದೆ. ನಿಲ್ಲಿಸಲಾ, ನಡೆಸಲಾ?

ಮದ್ದೂರು ಕಡೆಯವರು:
ಆವತ್ತು ಅಲ್ಲಿ ಮಳೆ ಇದೆಯಾ, ಮೊದಲು ಅದು ಹೇಳಿ.